ಮಗು ಯಾರದು, ತೀರ್ಪು ಯಾರದು

ಚಾಲುಕ್ಯ ಆರನೆಯ ವಿಕ್ರಮಾದಿತ್ಯನು 1076ರಲ್ಲಿ ಪಟ್ಟವೇರಿ ಐವತ್ತು ವರ್ಷ ಕಲ್ಯಾಣದಿಂದ ರಾಜ್ಯವಾಳಿದನು. ಶಕವರ್ಷವನ್ನು ಬದಿಗಿಟ್ಟು ತನ್ನ ಹೆಸರಿನದೇ ಕಾಲಗಣನೆಯನ್ನು ಹೂಡಿದ ಅರಸು ಅವನು. ಕಾಶ್ಮೀರದಿಂದ ಬಂದ ಬಿಲ್ಹಣನು ಅವನ ಚರಿತೆಯನ್ನು ಸಂಸ್ಕೃತದಲ್ಲಿ ಕಾವ್ಯವಾಗಿಸಿದನು. ಆ ಕಾವ್ಯವನ್ನು ಇಂದು ಓದುವವರು ವಿದ್ವಾಂಸರು ಮಾತ್ರ. ಆದರೆ ಅದೇ ಕಲ್ಯಾಣದಲ್ಲಿ, ಅದೇ ಅರಸನ ಆಳ್ವಿಕೆಯಲ್ಲಿ, ವಿಜ್ಞಾನೇಶ್ವರನು ಯಾಜ್ಞವಲ್ಕ್ಯ ಸ್ಮೃತಿಗೆ ಬರೆದ ಮಿತಾಕ್ಷರವೆಂಬ ವ್ಯಾಖ್ಯಾನವು ಒಂಬತ್ತು ಶತಮಾನ ದಾಟಿ ನಮ್ಮ ಹೊಲ, ಮನೆ, ಪಹಣಿಗಳ ಮೇಲೆ ಇಂದಿಗೂ ಅಧಿಕಾರ ನಡೆಸುತ್ತಿದೆ. ಬಂಗಾಳ, ಅಸ್ಸಾಮುಗಳನ್ನು ಬಿಟ್ಟರೆ ಭಾರತದ ಬಹುಭಾಗದ ಹಿಂದೂ ಮನೆತನಗಳು ಪಾಲು ಹಂಚಿಕೊಂಡದ್ದು ಈ ಕನ್ನಡ ನೆಲದ ಗ್ರಂಥದ ಮಾತಿನಂತೆ. ಪಾಲು ಯಾರಿಗೆ ಎಂಬ ಪ್ರಶ್ನೆ ಎದ್ದಲ್ಲೆಲ್ಲ ಅದರ ಬೆನ್ನಿಗೆ ಇನ್ನೊಂದು ಪ್ರಶ್ನೆ ನಿಂತಿರುತ್ತಿತ್ತು: ಈ ಮಗು ಯಾರದು?

ಸ್ಮೃತಿಕಾರರು ಆ ಪ್ರಶ್ನೆಗೆ ಒಂದೇ ಉತ್ತರ ಕೊಡಲಿಲ್ಲ, ಹನ್ನೆರಡು ಕೊಟ್ಟರು. ಧರ್ಮಪತ್ನಿಯಲ್ಲಿ ಹುಟ್ಟಿದವನು ಔರಸ. ದತ್ತು ಬಂದವನು ದತ್ತಕ. ಮರುಮದುವೆಯಾದವಳ ಮಗ ಪೌನರ್ಭವ. ನಮ್ಮ ಸೀಮೆಯ ಮಾತಿನಲ್ಲಿ ಉಡಿಕೆಯವಳ ಮಗ. ಹೆತ್ತವರು ತೊರೆದದ್ದನ್ನು ಎತ್ತಿ ಸಾಕಿದರೆ ಅವನು ಅಪವಿದ್ಧ. ಇವರ ನಡುವೆ ಮೂವರ ಮೇಲೆ ನನ್ನ ಕಣ್ಣು ಮತ್ತೆ ಮತ್ತೆ ನಿಲ್ಲುತ್ತದೆ. ಗಂಡನ ಮನೆಯಲ್ಲಿ ಗುಟ್ಟಾಗಿ ಹುಟ್ಟಿ, ತಂದೆ ಇಂಥವನೆಂದು ಗೊತ್ತಾಗದ ಮಗು ಗೂಢಜ; ಅದು ಮನೆಯ ಯಜಮಾನನದೇ. ಮದುವೆಯ ಹೊತ್ತಿಗೆ ಹೆಣ್ಣು ಬಸುರಿಯಾಗಿದ್ದರೆ ಆ ಮಗು ಸಹೋಢಜ. ಕೈಹಿಡಿದವನೇ ಅದರ ತಂದೆ. ಮದುವೆಯಾಗದ ಮಗಳಿಗೆ ಹುಟ್ಟಿದವನು ಕಾನೀನ. ಅವನು ತಾಯಿಯ ತಂದೆಗೆ ಮಗನಾಗುತ್ತಾನೆ. ಪಂಪನ ಕಾವ್ಯದಿಂದ ಯಕ್ಷಗಾನದ ರಂಗಸ್ಥಳದವರೆಗೆ ಕನ್ನಡಿಗರು ಕಣ್ಣೀರಿಟ್ಟ ಕರ್ಣ ಇಂಥ ಕಾನೀನನೇ. ಕುಂತಿಯು ಶಾಸ್ತ್ರದ ಈ ಸಾಲನ್ನು ನಂಬುವ ಧೈರ್ಯ ಮಾಡಿದ್ದರೆ ಪೆಟ್ಟಿಗೆ ಹೊಳೆಗೆ ಬೀಳಬೇಕಾಗಿರಲಿಲ್ಲ.

ಈ ಪಟ್ಟಿಯ ಹಿಂದಿದ್ದುದು ಕರುಣೆಯೊಂದೇ ಅಲ್ಲ. ಪಿಂಡ ಇಡಲು, ಆಸ್ತಿ ಕಾಯಲು ಗಂಡುಮಗನೊಬ್ಬ ಬೇಕಿತ್ತು. ಆದರೂ ಅದರ ಫಲ ದೊಡ್ಡದು. ತಂದೆ ಯಾರೆಂದು ತಾಯಿಯನ್ನು ಸಭೆಗೆಳೆದು ಕೇಳುವ ಬದಲು, ಮಗು ಯಾರ ಮನೆಯಲ್ಲಿ ಕಣ್ಣು ಬಿಟ್ಟಿತೋ ಆ ಮನೆಗೇ ಅದನ್ನು ಸೇರಿಸಿ ಶಾಸ್ತ್ರ ಕೈತೊಳೆದುಕೊಂಡಿತು. ಮನೆಯ ಹೊರಗೆ ಹುಟ್ಟಿದವರ ಪಾಡು ಬೇರೆ. ಶೂದ್ರನಿಗೆ ದಾಸಿಯಲ್ಲಿ ಹುಟ್ಟಿದ ಮಗನಿಗೆ ತಂದೆ ಬದುಕಿರುವಾಗ ಅವನ ಇಚ್ಛೆಯಂತೆ ಪಾಲು, ತಂದೆ ತೀರಿದ ಮೇಲೆ ಅಣ್ಣತಮ್ಮಂದಿರು ಕೊಡಬೇಕಾದ ಅರ್ಧ ಪಾಲು. ದ್ವಿಜನ ದಾಸಿಯ ಮಗನಿಗೆ ಅದೂ ಇಲ್ಲ. ಹೇಳಿದಂತೆ ಕೇಳಿಕೊಂಡಿದ್ದರೆ ಹೊಟ್ಟೆಬಟ್ಟೆಗೆ ಮಾತ್ರ. ವಿಜ್ಞಾನೇಶ್ವರನ ಪಾಂಡಿತ್ಯಕ್ಕೆ ತಲೆಬಾಗುತ್ತಲೇ ಈ ಸಾಲುಗಳು ಎಷ್ಟು ತಲೆಮಾರುಗಳ ಅನ್ನ ಕಿತ್ತುಕೊಂಡವೆಂಬುದನ್ನೂ ಹೇಳಲೇಬೇಕು.

ಹಾಗಾದರೆ ತೀರ್ಪು ಕೊಡುವವರು ಯಾರು? ಯಾಜ್ಞವಲ್ಕ್ಯನು ನ್ಯಾಯಸಭೆಗಳಿಗೆ ಮೆಟ್ಟಿಲುಗಳನ್ನು ಇಟ್ಟಿದ್ದನು. ಕೆಳಗೆ ಕುಲ, ಅಂದರೆ ನೆಂಟರಿಷ್ಟರ ಸಭೆ. ಅದರ ಮೇಲೆ ಶ್ರೇಣಿ, ಒಂದೇ ಕಸುಬಿನವರ ಕೂಟ. ಅದಕ್ಕೂ ಮೇಲೆ ಪೂಗ, ಒಂದೇ ಊರಿನಲ್ಲಿ ನೆಲೆಸಿದ ನಾನಾ ಜಾತಿ, ನಾನಾ ಕಸುಬುಗಳವರು. ಎಲ್ಲಕ್ಕೂ ಮೇಲೆ ಅರಸನು ನೇಮಿಸಿದ ಅಧಿಕಾರಿಗಳು. ಕುಲದ ತೀರ್ಪು ಒಪ್ಪದವನು ಶ್ರೇಣಿಗೆ, ಶ್ರೇಣಿಯದನ್ನು ಒಪ್ಪದವನು ಪೂಗಕ್ಕೆ ಹೋಗಬಹುದಿತ್ತು. ಮನೆಯ ಮಾತು ಮನೆಯವರ ಮುಂದೆಯೇ ಮೊದಲು ಬರಬೇಕೆಂಬ ತಿಳಿವಳಿಕೆ ಇದರಲ್ಲಿದೆ. ಕುಲವೇ ಕುಲಗೇಡಿಯೆಂದು ಕರೆದು ಹೊರಗಟ್ಟಿದ ಹೆಣ್ಣಿಗೆ ಆ ಮೆಟ್ಟಿಲುಗಳನ್ನು ಏರಲು ಜೊತೆಗೆ ಯಾರಿದ್ದರು ಎಂಬುದನ್ನು ಯಾವ ಸ್ಮೃತಿಯೂ ಹೇಳುವುದಿಲ್ಲ. ಸ್ಮೃತಿಗಳ ಮಾತುಗಳನ್ನು ಒಟ್ಟುಗೂಡಿಸಿ ಗ್ರಂಥ ಬರೆದ ಮುಂದಿನ ನಿಬಂಧಕಾರರು ಕಲಿಯುಗದ ಹೆಸರು ಹೇಳಿ ಹನ್ನೆರಡರಲ್ಲಿ ಹತ್ತನ್ನು ಕೈಬಿಟ್ಟರು. ಉಳಿದದ್ದು ಔರಸ ಮತ್ತು ದತ್ತಕ. ಗೂಢಜನ ತಲೆಯ ಮೇಲಿನ ಸೂರು ಹಾಗೆ ಹಾರಿಹೋಯಿತು.

ಕಡಲಾಚೆ ಇಂಗ್ಲೆಂಡಿನಲ್ಲಿ ಇದೇ ಪ್ರಶ್ನೆ ಬೇರೊಂದು ದಾರಿ ಹಿಡಿದಿತ್ತು. ನಮ್ಮ ಇಂದಿನ ಕಾನೂನು ಎರಡೂ ದಾರಿಗಳು ಕೂಡಿದಲ್ಲಿ ಹುಟ್ಟಿದ್ದರಿಂದ ಆ ಕಥೆಯನ್ನೂ ಹೇಳಬೇಕು. ಅಲ್ಲಿ ಮದುವೆಯ ವಿಚಾರ ಚರ್ಚಿನದು, ಭೂಮಿಯ ವಿಚಾರ ರಾಜನ ಕೋರ್ಟಿನದು. ಹೆತ್ತವರು ಆಮೇಲೆ ಮದುವೆಯಾದರೆ ಮೊದಲೇ ಹುಟ್ಟಿದ ಮಗುವೂ ಔರಸವಾಗುತ್ತದೆಂದು ಚರ್ಚು ಹೇಳುತ್ತಿತ್ತು. 1236ರಲ್ಲಿ ಮರ್ಟನ್‌ನಲ್ಲಿ ಸೇರಿದ ಸಭೆಯಲ್ಲಿ ಬಿಷಪ್ಪರು ರಾಜ್ಯದ ಕಾನೂನೂ ಹಾಗೆಯೇ ಆಗಲಿ ಎಂದು ಬೇಡಿದರು. ಸರದಾರರು ಒಕ್ಕೊರಲಿನಿಂದ ಒಲ್ಲೆವೆಂದರು. ಇಂಗ್ಲೆಂಡಿನ ಕಾನೂನನ್ನು ಬದಲಿಸುವುದಿಲ್ಲವೆಂದರು. ಆ ಹಟ ಸಡಿಲಿದ್ದು 1926ರಲ್ಲಿ. ನಡುವೆ ಕಳೆದದ್ದು 690 ವರ್ಷ.

ಮದುವೆಯ ಒಳಗೆ ಹುಟ್ಟಿದ ಮಗುವಿಗೆ ಮಾತ್ರ ಅಲ್ಲಿ ಭದ್ರ ಕೋಟೆಯಿತ್ತು. ಗಂಡನು ಇಂಗ್ಲೆಂಡನ್ನು ಸುತ್ತಿದ ನಾಲ್ಕು ಕಡಲುಗಳ ಒಳಗಿದ್ದರೆ ಸಾಕು, ಹೆಂಡತಿ ಹೆತ್ತ ಮಗು ಅವನದೇ ಎಂಬ ನಿಯಮ. ಆ ಕೋಟೆಯನ್ನು ಅಲುಗಿಸಿದ್ದು ಬ್ಯಾನ್‌ಬರಿಯ ವ್ಯಾಜ್ಯ.

ವಿಲಿಯಂ ನೋಲಿಸ್ ಎಂಬ ವೃದ್ಧ ಸರದಾರನಿಗೆ ಒಂದನೆಯ ಚಾರ್ಲ್ಸ್ ದೊರೆ 1626ರಲ್ಲಿ ಬ್ಯಾನ್‌ಬರಿಯ ಅರ್ಲ್ ಪದವಿ ಕೊಟ್ಟನು. ಅವನ ಹೆಂಡತಿ ಎಲಿಜಬೆತ್ ಅವನಿಗಿಂತ ಬಹಳ ಚಿಕ್ಕವಳು. 1605ರ ಮದುವೆ, ಇಪ್ಪತ್ತು ವರ್ಷ ಕಳೆದರೂ ವಾರಸುದಾರನಿರಲಿಲ್ಲ. 1627ರಲ್ಲಿ ಗಂಡುಮಗು ಹುಟ್ಟಿತು, ಎಡ್ವರ್ಡ್. 1631ರಲ್ಲಿ ಇನ್ನೊಂದು, ನಿಕೋಲಸ್. ಅದು ಹುಟ್ಟಿದ್ದು ಲಾರ್ಡ್ ವಾಕ್ಸ್ ಎಂಬವನ ಬಂಗಲೆಯಲ್ಲಿ. ಅಷ್ಟರಲ್ಲಿ ಅರ್ಲ್ ಎಂಬತ್ತು ದಾಟಿದ್ದನು. ಅವನ ಉಯಿಲಿನಲ್ಲಿ ಹೆಂಡತಿಯ ಹೆಸರಿದೆ, ಮಕ್ಕಳ ಸುಳಿವೇ ಇಲ್ಲ. 1632ರ ಮೇ ತಿಂಗಳಲ್ಲಿ ಅವನು ಕಣ್ಣು ಮುಚ್ಚಿದನು. ಕೆಲವೇ ವಾರಗಳಲ್ಲಿ ವಿಧವೆಯು ಅದೇ ಲಾರ್ಡ್ ವಾಕ್ಸನ ಕೈಹಿಡಿದಳು. ಊರು ಆಡಿಕೊಂಡಿತು. ಮರುವರ್ಷದ ವಿಚಾರಣೆ ಅರ್ಲನಿಗೆ ಗಂಡು ಸಂತಾನವಿಲ್ಲವೆಂದಿತು. 1641ರ ಇನ್ನೊಂದು ವಿಚಾರಣೆ ಎಡ್ವರ್ಡನೇ ವಾರಸುದಾರನೆಂದಿತು. ಎಡ್ವರ್ಡ್ ಹರೆಯದಲ್ಲೇ ಕೊಲೆಯಾದನು. 1660ರಲ್ಲಿ ನಿಕೋಲಸನು ಪಾರ್ಲಿಮೆಂಟಿನ ಮೇಲ್ಮನೆಯಾದ ಲಾರ್ಡ್ಸ್ ಸಭೆಯಲ್ಲಿ ಅರ್ಲ್ ಆಗಿಯೇ ಕುಳಿತನು. ಮುಂದಿನ ಪಾರ್ಲಿಮೆಂಟಿಗೆ ಅವನಿಗೆ ಕರೆಯೇ ಬರಲಿಲ್ಲ. ಸಭೆಯ ಸಮಿತಿಯೊಂದು ಅವನು ಔರಸನೆಂದೇ ವರದಿ ಕೊಟ್ಟಿತು. ಆದರೂ ಕರೆ ಬರಲಿಲ್ಲ.

ಅವನ ಮಗ ಚಾರ್ಲ್ಸನು 1692ರಲ್ಲಿ ದ್ವಂದ್ವಯುದ್ಧದಲ್ಲಿ ತನ್ನ ಭಾವನನ್ನು ಕೊಂದನು. ಕೊಲೆಯ ಆರೋಪಪತ್ರದಲ್ಲಿ ಅವನನ್ನು ಚಾರ್ಲ್ಸ್ ನೋಲಿಸ್ ಎಂದಷ್ಟೇ ಕರೆದಿದ್ದರು. ನಾನು ಬ್ಯಾನ್‌ಬರಿಯ ಅರ್ಲ್, ನನ್ನ ವಿಚಾರಣೆ ನನ್ನ ಸಮಾನರಾದ ಲಾರ್ಡ್ಸ್ ಮುಂದೆಯೇ ಆಗಬೇಕು ಎಂದು ಅವನು ವಾದಿಸಿದನು. ಲಾರ್ಡ್ಸ್ ಸಭೆಯೋ ಇವನಿಗೆ ಪದವಿಯಿಲ್ಲವೆಂದು ಆಗಲೇ ನಿರ್ಣಯ ಮಾಡಿತ್ತು. ಈಗ ಇಂಗ್ಲೆಂಡಿನ ಮುಖ್ಯ ನ್ಯಾಯಾಧೀಶ ಜಾನ್ ಹೋಲ್ಟನ ಮುಂದೆ ಬಂದದ್ದು ಕೊಲೆಯ ಪ್ರಶ್ನೆಯಲ್ಲ, ಸತ್ತುಹೋದ ಮುದುಕನಿಗೆ ನಿಕೋಲಸನು ಮಗನೇ ಎಂಬ ಪ್ರಶ್ನೆ. ಅದನ್ನು ತೀರ್ಮಾನಿಸುವ ಅಧಿಕಾರ ಯಾರದೆಂಬ ಪ್ರಶ್ನೆ. ರಾಜನು ಒಪ್ಪಿಸದೆ ಲಾರ್ಡ್ಸ್ ಸಭೆ ತಾನಾಗಿ ಮಾಡಿದ ನಿರ್ಣಯವು ತೀರ್ಪೇ ಅಲ್ಲವೆಂದು ಹೋಲ್ಟ್ 1694ರಲ್ಲಿ ಆರೋಪಪತ್ರವನ್ನು ಹೊಡೆದುಹಾಕಿದನು. ಕೆರಳಿದ ಲಾರ್ಡ್ಸ್ 1698ರಲ್ಲಿ ಅವನನ್ನು ಕರೆಸಿ ಕಾರಣ ಕೇಳಿದರು. ತೀರ್ಪಿನ ಮೇಲೆ ಮೇಲ್ಮನವಿ ಕ್ರಮವಾಗಿ ಬಂದರೆ ಕಾರಣ ಹೇಳುತ್ತೇನೆ, ಸುಮ್ಮನೆ ಕರೆದು ಕೇಳಿದರೆ ಹೇಳಲಾರೆ ಎಂದು ಅವನು ಅಲ್ಲೇ ನಿಂತು ಉತ್ತರಿಸಿದನು. ಲಾರ್ಡ್ಸ್ ಏನೂ ಮಾಡಲಾರದೆ ಹೋದರು. ನ್ಯಾಯಾಧೀಶನ ಬೆನ್ನುಮೂಳೆಯ ಬಗ್ಗೆ ಮಾತಾಡುವಾಗ ನೆನೆಯಬೇಕಾದ ಹೆಸರು ಇದು.

ವ್ಯಾಜ್ಯ ಅಲ್ಲಿಗೂ ಮುಗಿಯಲಿಲ್ಲ. 1813ರಲ್ಲಿ, ವೃದ್ಧ ಅರ್ಲ್ ಸತ್ತು 181 ವರ್ಷವಾದ ಮೇಲೆ, ಲಾರ್ಡ್ಸ್ ಸಭೆ ಆ ವಂಶಕ್ಕೆ ಪದವಿಯಿಲ್ಲವೆಂದು ಕೊನೆಯ ಮಾತು ಹೇಳಿತು. ಅದಕ್ಕೆ ಮುಂಚೆ ನ್ಯಾಯಾಧೀಶರು ಕೊಟ್ಟ ಅಭಿಪ್ರಾಯವೇ ಕಾನೂನಿಗೆ ಉಳಿದ ಗಂಟು: ಗಂಡಹೆಂಡಿರು ಒಂದೇ ಊರಲ್ಲಿದ್ದರೂ ಅವರ ನಡುವೆ ಕೂಡುವಿಕೆ ನಡೆದಿಲ್ಲವೆಂದು ಸಾಕ್ಷ್ಯದಿಂದ ತೋರಿಸಿಕೊಡಬಹುದು. ಅರ್ಲ್ ಪದವಿ ಕಳೆದುಕೊಂಡ ಆ ಮನೆತನದ ಕುಡಿಯೊಬ್ಬ ಮುಂದೆ ಏಳನೆಯ ಎಡ್ವರ್ಡ್ ದೊರೆಗೆ ಆಪ್ತ ಕಾರ್ಯದರ್ಶಿಯಾದನು.

ಬ್ಯಾನ್‌ಬರಿಯ ವ್ಯಾಜ್ಯ ಮುಗಿಯುವ ಮೂರು ವರ್ಷ ಮೊದಲು, 1810ರಲ್ಲಿ, ಕಲ್ಕತ್ತೆಯಲ್ಲಿ ಹೆನ್ರಿ ಕೋಲ್‌ಬ್ರೂಕ್ ಮಿತಾಕ್ಷರದ ದಾಯವಿಭಾಗದ ಪ್ರಕರಣವನ್ನು ಇಂಗ್ಲಿಷಿಗೆ ತಂದಿದ್ದನು. ಅಂದಿನಿಂದ ವಿಜ್ಞಾನೇಶ್ವರನು ಸಂಸ್ಕೃತ ಬಾರದ ನ್ಯಾಯಾಧೀಶರ ಮೇಜನ್ನು ಸೇರಿದನು. ದಾಸಿಯೆಂದರೆ ಕೊಂಡು ತಂದವಳು ಮಾತ್ರವೋ, ಒಬ್ಬನೇ ಗಂಡಸಿನೊಡನೆ ಖಾಯಂ ಬಾಳಿದ ಹೆಣ್ಣೂ ಸೇರುತ್ತಾಳೋ ಎಂದು ಬೊಂಬಾಯಿ, ಮದರಾಸು ಹೈಕೋರ್ಟುಗಳಲ್ಲಿ ದಶಕಗಟ್ಟಲೆ ವಾದ ನಡೆಯಿತು. ಸೇರುತ್ತಾಳೆಂದು ತೀರ್ಮಾನವಾದದ್ದರಿಂದ ಎಷ್ಟೋ ಮಕ್ಕಳಿಗೆ ಅರ್ಧ ಪಾಲಾದರೂ ದಕ್ಕಿತು. ಮುಸ್ಲಿಮರ ವ್ಯಾಜ್ಯಗಳಲ್ಲಿ ಇಕ್ರಾರ್ ಎಂಬ ತತ್ವ ನಡೆಯುತ್ತಿತ್ತು. ತಂದೆ ಯಾರೆಂಬುದು ಅನಿಶ್ಚಿತವಾಗಿದ್ದಾಗ ಇವನು ನನ್ನ ಮಗನೆಂದು ಒಬ್ಬನು ಒಪ್ಪಿಕೊಂಡರೆ ಆ ಒಪ್ಪಿಗೆಯೇ ಮಗುವನ್ನು ಔರಸವಾಗಿಸುತ್ತದೆ. ಅಲಹಾಬಾದಿನ ನ್ಯಾಯಮೂರ್ತಿ ಸೈಯದ್ ಮಹಮೂದ್ 1888ರಲ್ಲಿ ಇದನ್ನು ಬಿಡಿಸಿ ಬರೆದ ತೀರ್ಪು ಇಂದಿಗೂ ಗೌರವದಿಂದ ಓದಿಸಿಕೊಳ್ಳುತ್ತದೆ.

ಇಷ್ಟೆಲ್ಲದರ ಮೇಲೆ ಒಂದೇ ಹೊದಿಕೆಯಂತೆ ಬಂದು ಬಿದ್ದದ್ದು 1872ರ ಒಂದನೆಯ ಅಧಿನಿಯಮ, ಭಾರತೀಯ ಸಾಕ್ಷ್ಯ ಕಾಯಿದೆ. ವೈಸ್‌ರಾಯರ ಮಂಡಳಿಯ ಕಾನೂನು ಸದಸ್ಯ ಜೇಮ್ಸ್ ಫಿಟ್ಜ್‌ಜೇಮ್ಸ್ ಸ್ಟೀಫನ್ ಅದನ್ನು ರಚಿಸಿದನು. ಆ ವರ್ಷದ ಸೆಪ್ಟೆಂಬರ್ 1ರಿಂದ ಜಾರಿಗೆ ಬಂತು. ಅದರ 112ನೆಯ ಕಲಮು ಹೇಳಿದ್ದಿಷ್ಟು: ಮದುವೆ ಊರ್ಜಿತವಾಗಿರುವಾಗ ಹುಟ್ಟಿದ ಮಗು, ಇಲ್ಲವೇ ಮದುವೆ ಕಡಿದ 280 ದಿನಗಳೊಳಗೆ, ತಾಯಿ ಬೇರೆ ಮದುವೆಯಾಗದಿರುವಾಗ ಹುಟ್ಟಿದ ಮಗು, ಆ ಗಂಡನ ಔರಸ ಸಂತಾನವೇ, ಇದು ನಿರ್ಣಾಯಕ ರುಜುವಾತು. ಅದನ್ನು ಮುರಿಯಲು ಒಂದೇ ಕಿಂಡಿ: ಗರ್ಭ ನಿಲ್ಲಬಹುದಾಗಿದ್ದ ಕಾಲದಲ್ಲಿ ಗಂಡಹೆಂಡಿರಿಗೆ ಪರಸ್ಪರ ಸಂಪರ್ಕವೇ ಇರಲಿಲ್ಲವೆಂದು ತೋರಿಸಬೇಕು. 1934ರಲ್ಲಿ, ಆಗ ಭಾರತದ ಮೊಕದ್ದಮೆಗಳಿಗೆ ಕೊನೆಯ ಮೇಲ್ಮನವಿಯ ಪೀಠವಾಗಿದ್ದ ಲಂಡನ್ನಿನ ಪ್ರಿವಿ ಕೌನ್ಸಿಲ್, ಸಂಪರ್ಕವೆಂದರೆ ಕೂಡುವ ಅವಕಾಶ ಮಾತ್ರ, ಕೂಡಿದ್ದರೆಂದು ಸಾಬೀತಾಗಬೇಕಿಲ್ಲ ಎಂದು ಅರ್ಥೈಸಿತು.

ಇದರ ಬಲ ಎಷ್ಟೆಂದು ತಿಳಿಯಲು ಒಂದು ಸಂಸಾರವನ್ನು ಊಹಿಸಿಕೊಳ್ಳಿ. ಬೆಳಗಾವಿ ಕಡೆಯ ಹಳ್ಳಿಯವನು ಬೊಂಬಾಯಿ ಗಿರಣಿಯಲ್ಲಿ ದುಡಿಯುತ್ತಾನೆ, ಹೆಂಡತಿ ಊರಲ್ಲಿ. ಯುಗಾದಿಗೆ ಬಂದು ಎರಡು ರಾತ್ರಿ ಇದ್ದು ಹೋಗುತ್ತಾನೆ. ಲೆಕ್ಕಕ್ಕೆ ಹೊಂದುವ ತಿಂಗಳಲ್ಲಿ ಮಗು ಹುಟ್ಟುತ್ತದೆ. ಅವನು ಜಗಳವಾಡಿ ಬೇರೆ ಕೋಣೆಯಲ್ಲಿ ಮಲಗಿದ್ದನೆಂದು ಅತ್ತೆ ಹೇಳಬಹುದು, ಮಗುವಿನ ಮೂಗು ಪಕ್ಕದ ಮನೆಯವನದೆಂದು ಕೇರಿ ಹೇಳಬಹುದು. ಒಂದೇ ಸೂರಿನಡಿ ಎರಡು ರಾತ್ರಿ ಕಳೆದದ್ದು ನಿಜವಾದರೆ ಕೋರ್ಟು ಇದಾವುದಕ್ಕೂ ಕಿವಿಗೊಡುವುದಿಲ್ಲ. ಮಗು ಗಂಡನದು. ಬ್ಯಾನ್‌ಬರಿಯ ನಂತರ ಇಂಗ್ಲೆಂಡಿನ ಮಗುವಿಗೆ ಸಿಗದಿದ್ದ ಭದ್ರತೆ ಇದು. ಕಲ್ಯಾಣದ ವ್ಯಾಖ್ಯಾನಕಾರ ಗೂಢಜನೆಂದು ಕರೆದು ಮನೆಯೊಳಗೆ ಸೇರಿಸಿಕೊಂಡ ಮಗು, ನಿಬಂಧಕಾರರು ಹೊರಹಾಕಿದ ಮಗು, ಆರೇಳು ಶತಮಾನಗಳ ಮೇಲೆ ಸ್ಟೀಫನ್ನನ ಕಲಮಿನಲ್ಲಿ ಔರಸನಾಗಿಯೇ ಮನೆಗೆ ಮರಳಿತೆಂದು ನಾನು ಓದಿಕೊಂಡಿದ್ದೇನೆ. ವಸಾಹತು ಆಡಳಿತ ಇಲ್ಲಿ ಬಿಟ್ಟುಹೋದ ಕಾನೂನುಗಳಲ್ಲಿ ಮಕ್ಕಳ ಪರವಾಗಿ ಇಷ್ಟು ಗಟ್ಟಿಯಾಗಿ ನಿಂತದ್ದು ಅಪರೂಪ.

ಕಾನೂನು ಗಟ್ಟಿಯಾದರೂ ಕೋರ್ಟಿನ ಬಾಗಿಲುಗಳು ಚದರಿದ್ದವು. ಮಗುವಿನ ಅನ್ನಕ್ಕೆ ತಾಯಿ ಮ್ಯಾಜಿಸ್ಟ್ರೇಟರ ಬಳಿ ಹೋಗಬೇಕಿತ್ತು. 1898ರ ದಂಡ ಪ್ರಕ್ರಿಯಾ ಸಂಹಿತೆಯ 488ನೆಯ ಕಲಮು ಔರಸ, ಅನೌರಸ ಎಂಬ ಭೇದವಿಲ್ಲದೆ ತಿಂಗಳಿಗೆ ಐವತ್ತು ರೂಪಾಯಿ ಮೀರದ ಜೀವನಾಂಶ ಕೊಡಿಸುತ್ತಿತ್ತು. ಮಗುವಿನ ಹುಟ್ಟು ನ್ಯಾಯಸಮ್ಮತವೆಂಬ ಘೋಷಣೆಗೆ ಸಿವಿಲ್ ಕೋರ್ಟು. ಪೋಷಕತ್ವಕ್ಕೆ, ವಿಚ್ಛೇದನಕ್ಕೆ ಜಿಲ್ಲಾ ನ್ಯಾಯಾಧೀಶರು. ಒಂದೇ ಮಗುವಿನ ಬಗ್ಗೆ ಮ್ಯಾಜಿಸ್ಟ್ರೇಟರು ಒಂದು ಹೇಳಿ, ಮುನ್ಸೀಫರು ಇನ್ನೊಂದು ಹೇಳಬಹುದಿತ್ತು. ಕೊಲೆ, ಕಳವಿನ ಕೈದಿಗಳ ನಡುವೆ ಕಟಕಟೆಯ ಪಕ್ಕ ನಿಂತು, ತುಂಬಿದ ಕೋರ್ಟಿನಲ್ಲಿ, ನಿನ್ನ ಮಗುವಿಗೆ ತಂದೆ ಯಾರಮ್ಮ ಎಂಬ ಪ್ರಶ್ನೆಗೆ ಹೆಣ್ಣು ಉತ್ತರಿಸಬೇಕಿತ್ತು. ಇಂಗ್ಲೆಂಡು 1858ರಷ್ಟು ಹಿಂದೆಯೇ ಇಂಥ ಘೋಷಣೆಯ ಅಧಿಕಾರವನ್ನು ವೈವಾಹಿಕ ನ್ಯಾಯಾಲಯಕ್ಕೆ ಕೊಟ್ಟಿತ್ತು. ಇಲ್ಲಿ ಆ ಯೋಚನೆಯನ್ನು ಬಿತ್ತಿದವರು ದುರ್ಗಾಬಾಯಿ ದೇಶಮುಖ್. 1953ರಲ್ಲಿ ಚೀನಾ ನೋಡಿ ಬಂದು ಸಂಸಾರದ ವ್ಯಾಜ್ಯಗಳಿಗೆ ಪ್ರತ್ಯೇಕ ನ್ಯಾಯಾಲಯ ಬೇಕೆಂದು ನೆಹರೂ ಅವರಲ್ಲಿ ಪ್ರಸ್ತಾಪಿಸಿದರು. 1974ರಲ್ಲಿ ಕಾನೂನು ಆಯೋಗದ 59ನೆಯ ವರದಿ ಅದನ್ನೇ ಒತ್ತಿ ಹೇಳಿತು.

1984ರ ಸೆಪ್ಟೆಂಬರ್ 14ರಂದು ಕೌಟುಂಬಿಕ ನ್ಯಾಯಾಲಯಗಳ ಕಾಯಿದೆಗೆ ರಾಷ್ಟ್ರಪತಿಗಳ ಅಂಕಿತ ಬಿತ್ತು. ಹತ್ತು ಲಕ್ಷ ಮೀರಿದ ಜನಸಂಖ್ಯೆಯ ನಗರಗಳಲ್ಲಿ ಇಂಥ ನ್ಯಾಯಾಲಯ ಕಡ್ಡಾಯವಾಯಿತು. ಅದರ 7ನೆಯ ಕಲಮಿನ ವಿವರಣೆ ಮದುವೆಯ ಊರ್ಜಿತತೆ, ದಂಪತಿಯ ಆಸ್ತಿ, ಜೀವನಾಂಶ, ಪೋಷಕತ್ವಗಳ ಜೊತೆಗೆ ಯಾವುದೇ ವ್ಯಕ್ತಿಯ ಹುಟ್ಟು ನ್ಯಾಯಸಮ್ಮತವೆಂಬ ಘೋಷಣೆಯನ್ನೂ ಒಂದೇ ಕಡೆ ತಂದಿತು. 8ನೆಯ ಕಲಮು ಉಳಿದ ಬಾಗಿಲುಗಳನ್ನು ಮುಚ್ಚಿತು. ಮೊದಲು ರಾಜಿಗೆ ಯತ್ನಿಸಬೇಕು, ಕಕ್ಷಿದಾರರು ಕೇಳಿದರೆ ವಿಚಾರಣೆ ಬಾಗಿಲು ಹಾಕಿಕೊಂಡು ನಡೆಯಬೇಕು, ವಕೀಲರು ಹಕ್ಕಿನಿಂದ ಒಳಬರುವಂತಿಲ್ಲ. ತಾಯಂದಿರು ನೂರು ವರ್ಷ ಅನುಭವಿಸಿದ ಅವಮಾನಕ್ಕೆ ಶಾಸನವು ಕೊಟ್ಟ ಮೊದಲ ನಿಜವಾದ ಉತ್ತರ ಇದು.

ಅದಕ್ಕೆ ನಾಲ್ಕೇ ದಿನ ಮುಂಚೆ, ಸೆಪ್ಟೆಂಬರ್ 10ರ ಸೋಮವಾರ ಬೆಳಗ್ಗೆ, ಇಂಗ್ಲೆಂಡಿನ ಲೆಸ್ಟರ್ ವಿಶ್ವವಿದ್ಯಾಲಯದ ಪ್ರಯೋಗಶಾಲೆಯಲ್ಲಿ ಅಲೆಕ್ ಜೆಫ್ರೀಸ್ ಎಂಬ ವಿಜ್ಞಾನಿ ಒಂದು ಎಕ್ಸ್‌ರೇ ಫಿಲ್ಮನ್ನು ಬೆಳಕಿಗೆ ಹಿಡಿದು ನೋಡಿದ್ದರು. ಡಿಎನ್‌ಎ ಬೆರಳಚ್ಚು ಹುಟ್ಟಿದ್ದು ಆ ಗಳಿಗೆಯಲ್ಲಿ; ಮಗುವಿನ ತಂದೆ ಯಾರೆಂದು ತೋರಿಸಬಲ್ಲ ವಿಧಾನ ಅದು. ನೆರಳಿನಲ್ಲಿ ಮಾತಾಡಬೇಕಾದ ಮಾತಿಗೆ ಸಂಸತ್ತು ಒಂದು ಕೋಣೆ ಕಟ್ಟಿಕೊಟ್ಟ ವಾರವೇ ಆ ಕೋಣೆಗೆ ಕಣ್ಣು ಕೋರೈಸುವ ದೀಪವೂ ಸಿದ್ಧವಾಯಿತು. ದಶಕ ಮುಗಿಯುವಷ್ಟರಲ್ಲಿ ಹೈದರಾಬಾದಿನ ಸಿಸಿಎಂಬಿ ಎಂಬ ಜೀವವಿಜ್ಞಾನ ಸಂಶೋಧನಾ ಕೇಂದ್ರದಲ್ಲಿ ಲಾಲ್‌ಜಿ ಸಿಂಗ್ ಅವರ ತಂಡವು ಕೇರಳದ ತಲಶ್ಶೇರಿಯ ಪಿತೃತ್ವ ವ್ಯಾಜ್ಯವೊಂದರಲ್ಲಿ ಆ ವಿಧಾನ ಬಳಸಿತು.

ಆಮೇಲಿನ ನಾಲ್ಕು ದಶಕ 112ನೆಯ ಕಲಮಿಗೂ ಪ್ರಯೋಗಶಾಲೆಗೂ ನಡೆದ ಜಗ್ಗಾಟ. ತಾಯಿಯ ನಡತೆಯ ಮೇಲೆ ಕೆಸರೆರಚಲು ರಕ್ತಪರೀಕ್ಷೆ ಬೇಡುವುದು ಹಕ್ಕಲ್ಲವೆಂದು ಸುಪ್ರೀಂ ಕೋರ್ಟು 1993ರಲ್ಲಿ ಹೇಳಿತು. 2014ರಲ್ಲಿ, ಪರೀಕ್ಷೆ ಆಗಲೇ ನಡೆದುಹೋಗಿದ್ದ ಪ್ರಕರಣದಲ್ಲಿ, ವಿಜ್ಞಾನದ ಸತ್ಯವೇ ಮೇಲೆಂದಿತು. 2023ರ ಫೆಬ್ರವರಿಯಲ್ಲಿ ಪುಣೆಯ ಕೌಟುಂಬಿಕ ನ್ಯಾಯಾಲಯವು ಹೊರಡಿಸಿದ್ದ ಡಿಎನ್‌ಎ ಪರೀಕ್ಷೆಯ ಆದೇಶವನ್ನು ರದ್ದುಪಡಿಸುವಾಗ, ಕನ್ನಡ ನಾಡಿನವರೇ ಆದ ನ್ಯಾಯಮೂರ್ತಿ ಬಿ.ವಿ. ನಾಗರತ್ನ ಅವರಿದ್ದ ಪೀಠವು ಗಂಡಹೆಂಡಿರ ಜಗಳದಲ್ಲಿ ಮಗುವನ್ನು ದಾಳವಾಗಿಸಬಾರದು, ಮಗುವಿನ ಮೈಯ ಗುಟ್ಟು ಮಗುವಿನದೇ ಎಂಬ ನಿಲುವು ತಳೆಯಿತು. ಅದೇ ವರ್ಷ ಸೆಪ್ಟೆಂಬರ್ 1ರಂದು, ಕರ್ನಾಟಕದಿಂದಲೇ ಹೋಗಿದ್ದ ಮೊಕದ್ದಮೆಯಲ್ಲಿ, ಅಸಿಂಧು ಮದುವೆಯ ಮಕ್ಕಳಿಗೂ ಅವಿಭಕ್ತ ಕುಟುಂಬದಲ್ಲಿ ತಂದೆಗೆ ಬರುವ ಪಾಲಿನೊಳಗೆ ಪಾಲುಂಟೆಂದು ತೀರ್ಮಾನವಾಯಿತು. ಹಳೆಯ ಸಾಕ್ಷ್ಯ ಕಾಯಿದೆ 2024ರ ಜುಲೈ 1ರಂದು ತೆರೆಮರೆಗೆ ಸರಿದರೂ 280 ದಿನಗಳ ನಿಯಮ ಹೊಸ ಅಧಿನಿಯಮದ 116ನೆಯ ಕಲಮಾಗಿ ಮುಂದುವರಿದಿದೆ.

ಅಧಿಕಾರ ಯಾರದೆಂಬ ಹಳೆಯ ಪ್ರಶ್ನೆಯೂ ಬಗೆಹರಿದಿಲ್ಲ. ಮದುವೆಯ ಸಂಬಂಧವನ್ನೇ ಹೇಳಿಕೊಳ್ಳದೆ ಮಗುವಿನ ಹುಟ್ಟಿನ ಬಗ್ಗೆ ಮಾತ್ರ ಘೋಷಣೆ ಕೇಳಿದರೆ ಅದು ಕೌಟುಂಬಿಕ ನ್ಯಾಯಾಲಯದ ವ್ಯಾಪ್ತಿಗೆ ಬರುವುದಿಲ್ಲವೆಂದು 2004ರಲ್ಲಿ ಒಡಿಶಾದ ಪ್ರಕರಣವೊಂದರಲ್ಲಿ ತೀರ್ಪಾಯಿತು. ಮದುವೆಯ ಹೊರಗೆ ಹುಟ್ಟಿದ ಮಗುವಿಗೆ ಹೀಗೆ ಮತ್ತೆ ಸಿವಿಲ್ ಕೋರ್ಟೇ ಗತಿ. ಈ ಅಂಚನ್ನು ಸಂಸತ್ತು ತಿದ್ದಬೇಕಿತ್ತು, ಇನ್ನೂ ತಿದ್ದಿಲ್ಲ. ಕೇರಳದ ಇನ್ನೊಂದು ವ್ಯಾಜ್ಯದಲ್ಲಿ ಮಗ ಹುಟ್ಟಿದ್ದು 2001ರಲ್ಲಿ. ಗಂಡನಲ್ಲ, ಬೇರೊಬ್ಬನು ತಂದೆಯೆಂದು ತಾಯಿಯೇ ಹೇಳಿದಳು. ಮುನ್ಸೀಫ್ ಕೋರ್ಟು ಒಪ್ಪಲಿಲ್ಲ, ಹೈಕೋರ್ಟು ಒಪ್ಪಲಿಲ್ಲ. ಜೀವನಾಂಶದ ನೆಪದಲ್ಲಿ ಕೌಟುಂಬಿಕ ನ್ಯಾಯಾಲಯ ಅದೇ ಕಡತವನ್ನು ಮತ್ತೆ ತೆರೆಯಿತು. ಮುನ್ಸೀಫರಿಗೆ ಆ ಅಧಿಕಾರವಿತ್ತು, ಅವರ ತೀರ್ಮಾನವೇ ಕೊನೆಯದು, ತಾಯಿಯ ಗಂಡನೇ ತಂದೆ, ಮೂರನೆಯವನನ್ನು ಪರೀಕ್ಷೆಗೆ ಎಳೆಯುವಂತಿಲ್ಲ ಎಂದು ಸುಪ್ರೀಂ ಕೋರ್ಟು 2025ರ ಜನವರಿ 28ರಂದು ತೀರ್ಪಿತ್ತಾಗ ಆ ಮಗನಿಗೆ 23 ವರ್ಷ.